ಹನುಮಪ್ಪನ ಊರಲ್ಲಿ 'ಪರ್ವ'

ಎಸ್.ಎಲ್. ಭೈರಪ್ಪನವರ 'ಪರ್ವ'ವನ್ನು ಎಲ್ಲಿ ಕೂತು ಬೇಕಾದರೂ ಓದಬಹುದು. ಆದರೆ ಮುಳಬಾಗಿಲಿನಲ್ಲಿ ಕೂತು ಓದುವ ಸುಖವೂ ಸಂಕಟವೂ ಬೇರೆಯೇ. ಕುರುಕ್ಷೇತ್ರದ ಯುದ್ಧ ಮುಗಿಸಿ ಬಂದ ಅರ್ಜುನ ತನ್ನ ರಥದ ಬಾವುಟದಲ್ಲಿದ್ದ ಹನುಮಂತನನ್ನು ಇಲ್ಲೇ ಪ್ರತಿಷ್ಠೆ ಮಾಡಿದ ಎಂದು ಈ ಊರು ನಂಬುತ್ತದೆ. ಆಂಜನೇಯಸ್ವಾಮಿ ಗುಡಿಯ ಮುಂದೆ ತಿರುಪತಿ ಯಾತ್ರೆಯ ಗಾಡಿಗಳು ನಿಲ್ಲುತ್ತವೆ. ಹನುಮಪ್ಪನಿಗೆ ಒಂದು ನಮಸ್ಕಾರ ಹಾಕದೆ ಮುಂದಕ್ಕೆ ಹೋಗುವ ರೂಢಿ ಎಷ್ಟೋ ಮನೆಗಳಲ್ಲಿ ಇಲ್ಲ. ಅತ್ತ ಆವಣಿಗೆ ಹೋದರೆ ಅದು ವಾಲ್ಮೀಕಿಯ ಆಶ್ರಮವಿದ್ದ ಜಾಗ, ಸೀತೆ ಲವಕುಶರನ್ನು ಹೆತ್ತ ಬೆಟ್ಟ. ಅಲ್ಲಿನ ನೊಳಂಬರ ಕಾಲದ ಗುಡಿಗಳಲ್ಲಿ ರಾಮ, ಲಕ್ಷ್ಮಣ, ಭರತ, ಶತ್ರುಘ್ನರ ಹೆಸರಿನ ಲಿಂಗಗಳಿವೆ. ನಮ್ಮ ತಾಲ್ಲೂಕಿನಲ್ಲಿ ಪುರಾಣ ಎಂದರೆ ಬಸ್ ಚಾರ್ಜು ಕೊಟ್ಟು ಇಳಿಯುವ ಊರು.

ಇಂಥ ಕಡೆ ಬೆಳೆದವರ ಕೈಗೆ ದೇವತೆಗಳೂ ವರಗಳೂ ದಿವ್ಯಾಸ್ತ್ರಗಳೂ ಇಲ್ಲದ ಒಂದು ಮಹಾಭಾರತ ಸಿಕ್ಕರೆ ಏನಾಗುತ್ತದೆ ಎಂಬುದನ್ನು ಬಹಳ ಕಾಲದಿಂದ ಆಸೆಯಿಟ್ಟು ನೋಡುತ್ತ ಬಂದಿದ್ದೇನೆ. ನನಗೆ ಪುಸ್ತಕ ಎಷ್ಟು ರುಚಿಯೋ ಅದನ್ನು ಓದಿದವರ ಮಾತೂ ಅಷ್ಟೇ ರುಚಿ. ಯಾರಾದರೂ 'ಪರ್ವ' ಹಿಡಿದಿದ್ದಾರೆ ಎಂದು ಗೊತ್ತಾದರೆ ಸಾಕು, ಅವರು ಎಲ್ಲಿಗೆ ಬಂದಿದ್ದಾರೆ, ಶಲ್ಯನ ಅರಮನೆಯಲ್ಲಿದ್ದಾರೋ ಕುಂತಿಯ ನೆನಪಿನಲ್ಲಿದ್ದಾರೋ ಯುದ್ಧಭೂಮಿಗೆ ಬಂದು ಮೂಗು ಮುಚ್ಚಿಕೊಂಡಿದ್ದಾರೋ ಎಂದು ವಿಚಾರಿಸದೆ ನನಗೆ ನಿದ್ದೆ ಬರುವುದಿಲ್ಲ.

ಕಾದಂಬರಿ ಬಂದದ್ದು 1979ರಲ್ಲಿ. ಆರುನೂರು ಪುಟ ದಾಟುವ ಗಾತ್ರ. ಆರಂಭವಾಗುವುದು ಹಸ್ತಿನಾವತಿಯಲ್ಲೂ ಅಲ್ಲ, ಇಂದ್ರಪ್ರಸ್ಥದಲ್ಲೂ ಅಲ್ಲ. ದೂರದ ಮದ್ರದೇಶದಲ್ಲಿ, ಮುದುಕನಾದ ಶಲ್ಯನ ಮನೆಯಲ್ಲಿ, ಮೊಮ್ಮಗಳ ಮದುವೆಯ ಚಿಂತೆಯಲ್ಲಿ. ಯುದ್ಧ ಬರುತ್ತದಂತೆ ಎಂಬ ಸುದ್ದಿ ಮಾತ್ರ ಗಾಳಿಯಲ್ಲಿದೆ. ಅಲ್ಲಿಂದ ಒಬ್ಬೊಬ್ಬರ ತಲೆಯೊಳಗೆ ಇಳಿಯುತ್ತಾ ಹೋಗಬೇಕು. ಕುಂತಿ ನೆನೆಯುತ್ತಾಳೆ, ಭೀಮ ನೆನೆಯುತ್ತಾನೆ, ದ್ರೌಪದಿ ನೆನೆಯುತ್ತಾಳೆ. ನೆನಪು ಎಂದರೆ ಸಾಲಾಗಿ ಬರುವುದಲ್ಲವಲ್ಲ. ಒಂದು ವಾಕ್ಯದಲ್ಲಿ ಮದುವೆಯ ರಾತ್ರಿ, ಮುಂದಿನ ವಾಕ್ಯದಲ್ಲಿ ಈಗಿನ ಮೊಣಕಾಲು ನೋವು. ಯಾರು ಯಾರಿಗೆ ಏನಾಗಬೇಕು ಎಂಬುದು ಮೊದಲೇ ಗೊತ್ತಿಲ್ಲದವರಿಗೆ ಈ ಕಾದಂಬರಿ ದಾರಿ ಬಿಡುವುದಿಲ್ಲ. ಗೊತ್ತಿದ್ದವರಿಗೆ ಇನ್ನೊಂದು ಕಷ್ಟ: ಗೊತ್ತಿದ್ದದ್ದೆಲ್ಲ ಇಲ್ಲಿ ಬೇರೆ ಮುಖ ತೋರಿಸುತ್ತದೆ. ದೇವತೆಗಳು ಹಿಮಾಲಯದ ಮೇಲಿನ ಒಂದು ಜನ. ರಾಕ್ಷಸರು, ನಾಗರು ಕಾಡಿನ ಜನ. ಯುದ್ಧಕ್ಕೆ ಹೊರಟವರಲ್ಲಿ ಹೆಚ್ಚಿನವರು ವಯಸ್ಸಾದವರು, ಹಲ್ಲು ಬಿದ್ದವರು, ಉಸಿರು ಕಟ್ಟುವವರು. ಇಪ್ಪತ್ತರ ಹುಡುಗರು ಇದನ್ನು ಓದಿ ನಿಧಾನ ಎನ್ನುತ್ತಾರೆ. ಐವತ್ತು ದಾಟಿದವರು ಆ ನಿಧಾನದಲ್ಲೇ ತಮ್ಮ ಮನೆ ಕಾಣುತ್ತಾರೆ.

ನಾನು ಕಂಡ ಒಂದು ಗ್ರಂಥಾಲಯದ ಪ್ರತಿಯ ಮಾತು ಹೇಳಬೇಕು. ಮೂಲ ರಕ್ಷಾಕವಚ ಹೋಗಿ ಎಷ್ಟೋ ವರ್ಷವಾಗಿದೆ. ಬೈಂಡಿನವನು ದಪ್ಪ ರಟ್ಟು ಹಾಕಿ ಬೆನ್ನಿಗೆ ಬಟ್ಟೆ ಅಂಟಿಸಿದ್ದಾನೆ. ಪುಸ್ತಕವನ್ನು ಮೇಜಿನ ಮೇಲೆ ಮಲಗಿಸಿ ಪಕ್ಕದಿಂದ ನೋಡಿದರೆ ಸಾಕು, ಓದುಗರ ಇತಿಹಾಸವೆಲ್ಲ ಅಂಚಿನಲ್ಲಿದೆ. ಮೊದಲ ಭಾಗದ ಹಾಳೆಗಳ ಅಂಚು ಬೆರಳಿನ ಎಣ್ಣೆಗೆ ಕಪ್ಪಾಗಿದೆ. ಆಮೇಲೆ ಇದ್ದಕ್ಕಿದ್ದಂತೆ ಬಿಳಿ. ಅಷ್ಟು ಹೊತ್ತಿಗೆ ಕೈಬಿಟ್ಟವರು ಯಾರು ಯಾರೋ. ಮತ್ತೆ ಕುಂತಿ, ಮಾದ್ರಿ, ನಿಯೋಗದ ಪುಟಗಳ ಹತ್ತಿರ ಕಪ್ಪು. ಆಮೇಲೆ ಸ್ವಲ್ಪ ತೆಳು. ಕೊನೆಯ ಯುದ್ಧದ ಭಾಗದಲ್ಲಿ ಮತ್ತೆ ಗಾಢವಾಗುತ್ತದೆ. ಅಲ್ಲಿಯತನಕ ಬಂದವರು ನಿಲ್ಲಿಸಿಲ್ಲ, ಕೆಲವರು ಎರಡು ಸಲವೂ ಬಂದಿದ್ದಾರೆ.

ಒಳಗಿನ ಬರಹಗಳಂತೂ ಒಂದು ಸಭೆ. ಒಬ್ಬರು ನೀಲಿ ಬಾಲ್‌ಪೆನ್ನಿನಲ್ಲಿ 'ಶುದ್ಧ ಸುಳ್ಳು' ಎಂದು ಬರೆದು ಎರಡು ಗೆರೆ ಎಳೆದಿದ್ದಾರೆ. ಅದರ ಕೆಳಗೆ ಪೆನ್ಸಿಲಿನಲ್ಲಿ, ಬಹಳ ಸಣ್ಣ ಅಕ್ಷರದಲ್ಲಿ, 'ಆದಿಪರ್ವ ಓದಿ ಆಮೇಲೆ ಬರೆಯಿರಿ' ಎಂದಿದೆ. ಹಿಂದಿನ ಖಾಲಿ ಹಾಳೆಯಲ್ಲಿ ಯಾರೋ ಪುಣ್ಯಾತ್ಮರು ಶಂತನುವಿನಿಂದ ಶುರುಮಾಡಿ ವಂಶವೃಕ್ಷ ಬರೆದಿದ್ದಾರೆ. ಕರ್ಣನ ಹೆಸರು ಬಂದಾಗ ಅದನ್ನು ಯಾವ ಕೊಂಬೆಗೂ ಸೇರಿಸದೆ ಪಕ್ಕದಲ್ಲಿ ಬರೆದು ಸುತ್ತ ಒಂದು ವೃತ್ತ ಹಾಕಿಬಿಟ್ಟಿದ್ದಾರೆ. ಆ ವೃತ್ತವನ್ನು ನಾನು ತುಂಬ ಹೊತ್ತು ನೋಡಿದ್ದೇನೆ. ಕರ್ಣನ ಮೇಲೆ ಬಂದಿರುವ ಎಷ್ಟೋ ಉದ್ದುದ್ದ ವಿಮರ್ಶೆಗಳಲ್ಲಿ ಅಷ್ಟು ಮರುಕ ನಾನು ಕಂಡಿಲ್ಲ.

ಗ್ರಂಥಾಲಯದ ಪುಸ್ತಕದಲ್ಲಿ ಬರೆಯಬಾರದು, ನಿಜ. ಆದರೂ ಆ ಗೆರೆ, ಆ ಬೈಗುಳ, ಆ ಉತ್ತರ ಯಾವುದನ್ನೂ ಅಳಿಸಬಾರದು ಎಂದೇ ನನ್ನ ಆಸೆ. ಸಿಟ್ಟಿನಿಂದ ಬರೆಯುವವನಿಗೆ ಪುಸ್ತಕ ತಗುಲಿದೆ. ಎಲ್ಲೂ ತಗುಲದೆ ಹೋದವರೇ ಪುಟವನ್ನು ಬಿಳಿಯಾಗಿ ಬಿಟ್ಟು ಹೋಗುವುದು.

ಸಿಟ್ಟಿನ ಮಾತು ಬಂದರೆ ನಮ್ಮ ಮೇಷ್ಟ್ರನ್ನು ನೆನೆಯಬೇಕು. ನಿವೃತ್ತ ಕನ್ನಡ ಪಂಡಿತರು. ಕುಮಾರವ್ಯಾಸನನ್ನು ರಾಗವಾಗಿ ಓದಲು ಕೂತರೆ ಬೀದಿಯಲ್ಲಿ ಹೋಗುವವರು ಗೇಟಿನ ಹತ್ತಿರ ನಿಲ್ಲುತ್ತಾರೆ. ಭಾಮಿನಿ ಷಟ್ಪದಿಯ ಹತ್ತು ಪರ್ವಗಳಲ್ಲಿ ಯಾವ ಸಂಧಿ ಕೇಳಿದರೂ ಪುಸ್ತಕ ತೆರೆಯುವ ಮೊದಲೇ ಅವರ ಬಾಯಲ್ಲಿ ಪದ್ಯ ಬಂದಿರುತ್ತದೆ. ಅವರು 'ಪರ್ವ'ವನ್ನು ದ್ರೌಪದಿಯ ಸೀರೆಯ ಪ್ರಸಂಗದಲ್ಲಿ ಮುಚ್ಚಿಟ್ಟರು. ಮುಗಿಯದ ಸೀರೆ ಇಲ್ಲಿ ಇಲ್ಲ. ಅದು ಅವರಿಗೆ ತಡೆಯಲಾಗಲಿಲ್ಲ.

"ನೋಡಯ್ಯ, ಕುಮಾರವ್ಯಾಸ ಹೇಳಿದ್ದು ಕೃಷ್ಣನ ಕಥೆ. ಭಾರತ ಅದರ ನೆವ. ಆ ತಾಯಿ ಕೂಗಿದಾಗ ಓಗೊಡುವವನು ಒಬ್ಬನಿದ್ದಾನೆ ಅಂತ ನಂಬಿಕೊಂಡು ಐನೂರು ವರ್ಷದಿಂದ ಜನ ಕೇಳಿಕೊಂಡು ಬಂದಿದ್ದಾರೆ. ಓಗೊಡುವವನನ್ನೇ ತೆಗೆದುಬಿಟ್ಟರೆ ಉಳಿದದ್ದೇನು? ಐದು ಜನ ಗಂಡಸರು, ತುಂಬಿದ ಸಭೆ, ಒಬ್ಬಳು ಹೆಂಗಸು. ಅಷ್ಟನ್ನೇ ಓದೋಕೆ ನನಗೆ ಶಕ್ತಿಯಿಲ್ಲ."

ಈ ಮಾತಿಗೆ ನನ್ನಲ್ಲಿ ಎದುರುತ್ತರ ಇರಲಿಲ್ಲ, ಈಗಲೂ ಇಲ್ಲ. ಅವರು ಪುಸ್ತಕ ಅರ್ಥವಾಗದೆ ಮುಚ್ಚಿದವರಲ್ಲ, ಪೂರ್ತಿ ಅರ್ಥವಾಗಿ ಮುಚ್ಚಿದವರು. ಅದ್ಭುತ ತೆಗೆದರೆ ಕತ್ತಲೆ ಎಷ್ಟು ದಟ್ಟವಾಗುತ್ತದೆ ಎಂದು ಅವರಷ್ಟು ಖಚಿತವಾಗಿ ಕಾದಂಬರಿಯನ್ನು ಮೆಚ್ಚಿದವರು ಕೂಡ ಹೇಳಿಲ್ಲ.

ಆದರೆ ಕಾವ್ಯದ ಎದುರು ನಿಂತು ಪ್ರಶ್ನೆ ಕೇಳುವ ಅಭ್ಯಾಸ ಈ ಸೀಮೆಗೆ ಭೈರಪ್ಪನವರಿಂದ ಬಂದದ್ದಲ್ಲ ಎಂಬುದನ್ನು ಮೇಷ್ಟ್ರಿಗೆ ನೆನಪಿಸಿದೆ. 1887ರಲ್ಲಿ ಇದೇ ಮುಳಬಾಗಿಲಿನಲ್ಲಿ ಹುಟ್ಟಿದ ಡಿ.ವಿ. ಗುಂಡಪ್ಪನವರು 'ಶ್ರೀರಾಮ ಪರೀಕ್ಷಣಂ' ಬರೆದರು. ಅಲ್ಲಿ ರಾಮಾಯಣದ ಪಾತ್ರಗಳೇ ರಾಮನ ಮುಂದೆ ನಿಂತು ತಮಗಾದದ್ದನ್ನು ಹೇಳಿಕೊಂಡು ಅವನನ್ನು ಕೇಳುತ್ತವೆ. ರಾಮಭಕ್ತಿಗೆ ಊನವಿಲ್ಲ, ಪ್ರಶ್ನೆಗೆ ಸಂಕೋಚವೂ ಇಲ್ಲ. ನಮ್ಮದೇ ಜಿಲ್ಲೆಯ ಮಾಲೂರು ತಾಲ್ಲೂಕಿನ ಮಾಸ್ತಿಯವರು 'ಭಾರತತೀರ್ಥ'ದಲ್ಲಿ ಮಹಾಭಾರತವನ್ನು ಕೈಯಲ್ಲಿ ಹಿಡಿದು ಹೊರಳಿಸಿ ನೋಡಿದವರು. ಡಿವಿಜಿ ತೀರಿಕೊಂಡದ್ದು 1975ರಲ್ಲಿ, 'ಪರ್ವ' ಬರುವ ನಾಲ್ಕು ವರ್ಷ ಮೊದಲು. ಅವರು ಇದನ್ನು ಓದಿದ್ದರೆ ಏನನ್ನುತ್ತಿದ್ದರು ಎಂದು ಮೇಷ್ಟ್ರೂ ನಾನೂ ಒಂದು ಸಂಜೆ ಪೂರ್ತಿ ಮಾತಾಡಿದ್ದೇವೆ. ಮೇಷ್ಟ್ರು, ಬೇಡವೆನ್ನುತ್ತಿದ್ದರು ಅಂದರು. ಪೂರ್ತಿ ಓದಿ ಆಮೇಲೆ ಬೇಡವೆನ್ನುತ್ತಿದ್ದರು ಎಂದು ನಾನಂದೆ. ಅಷ್ಟಕ್ಕೆ ಮೇಷ್ಟ್ರು ಒಪ್ಪಿದರು.

ನಮ್ಮ ಕಾವ್ಯಗಳು ಹಿತವಾಗಿದ್ದವು, ಕಾದಂಬರಿ ಬಂದು ಅವನ್ನು ಕಪ್ಪಾಗಿಸಿತು ಎಂಬ ಮಾತನ್ನು ಮಾತ್ರ ನಾನು ಒಪ್ಪಲಾರೆ. ರನ್ನನ ದುರ್ಯೋಧನ ಹೆಣಗಳ ನಡುವೆ ಒಬ್ಬನೇ ನಡೆದುಹೋಗುವುದನ್ನು ನಾವು ಶಾಲೆಯಲ್ಲೇ ಓದಿದ್ದೇವೆ. ದ್ರೋಣ ಬಿದ್ದಲ್ಲಿ ನಿಲ್ಲುತ್ತಾನೆ, ತಮ್ಮ ಬಿದ್ದಲ್ಲಿ ನಿಲ್ಲುತ್ತಾನೆ, ಮಗ ಬಿದ್ದಲ್ಲಿ ನಿಲ್ಲುತ್ತಾನೆ. ಸಾವಿರ ವರ್ಷದ ಹಿಂದೆ ಬರೆದ ಆ ರಣರಂಗದಲ್ಲಿ ಮರುಳುಗಳು ಕುಣಿಯುತ್ತವೆ, ನೆತ್ತರಿನ ಕೆಸರು ಕಾಲಿಗೆ ಹತ್ತುತ್ತದೆ. ಕನ್ನಡದ ಕವಿಗಳಿಗೆ ಹೆಣದ ಮುಂದೆ ಕಣ್ಣು ಮುಚ್ಚುವ ಅಭ್ಯಾಸ ಎಂದೂ ಇರಲಿಲ್ಲ.

ಹೀಗಿದ್ದೂ 'ಪರ್ವ' ಯಾಕೆ ಅಷ್ಟು ಭಾರವಾಗುತ್ತದೆ? ನಾನು ಯೋಚಿಸಿದ್ದು ಇಷ್ಟು. ರನ್ನನ ರಣರಂಗದಲ್ಲಿ ನಾವು ಒಬ್ಬ ರಾಜನ ದುಃಖವನ್ನು ನೋಡುತ್ತೇವೆ. ಭೈರಪ್ಪನವರು ರಾಜರ ದುಃಖದ ಜೊತೆಗೆ ಅಡಿಗೆಯವನ ದುಃಖವನ್ನೂ ಹೆಣ ಎತ್ತುವವನ ದುಃಖವನ್ನೂ ತಂದು ಕೂಡಿಸುತ್ತಾರೆ. ಲಕ್ಷಗಟ್ಟಲೆ ಜನ ಒಂದು ಬಯಲಿನಲ್ಲಿ ವಾರಗಟ್ಟಲೆ ಬಿಡಾರ ಹೂಡಿದರೆ ಅವರು ಕುಡಿಯುವ ನೀರೆಲ್ಲಿ, ಹೊರಗೆ ಹೋಗುವ ಜಾಗವೆಲ್ಲಿ, ಕುದುರೆಗೆ ಹುಲ್ಲೆಲ್ಲಿ? ಹಸಿದ ಸೈನಿಕ ಎಷ್ಟು ದಿನ ನಿಲ್ಲುತ್ತಾನೆ? ವ್ಯಾಸರು ಬಿಟ್ಟ ಈ ಪ್ರಶ್ನೆಗಳನ್ನು ಕಾದಂಬರಿ ಬಿಡದೆ ಹಿಡಿಯುತ್ತದೆ. ಹೆಣಗಳು ಕೊಳೆಯುತ್ತವೆ, ಗಾಳಿ ತಿರುಗಿದರೆ ಉಂಡ ಅನ್ನ ನಿಲ್ಲುವುದಿಲ್ಲ. ವೀರರಸ ಅಲ್ಲಿ ಉಸಿರಾಡುವುದಕ್ಕೆ ಜಾಗವೇ ಇಲ್ಲ.

ಇದನ್ನು ಮೆಚ್ಚಿದವರಲ್ಲಿ ನನಗೆ ಅಚ್ಚರಿ ತಂದವನು ನರಸಾಪುರದ ಕೈಗಾರಿಕಾ ಪ್ರದೇಶದಲ್ಲಿ ಕೆಲಸ ಮಾಡುವ ಒಬ್ಬ ಹುಡುಗ. ಕಾರ್ಖಾನೆಯ ಕ್ಯಾಂಟೀನಿನ ಉಗ್ರಾಣ ಅವನ ಜವಾಬ್ದಾರಿ. ರಾತ್ರಿ ಶಿಫ್ಟಿನ ಬಸ್ಸಿನಲ್ಲಿ ಓದಿಕೊಂಡು ಹೋಗುತ್ತಿದ್ದ. ಒಂದು ಭಾನುವಾರ ಮನೆಗೆ ಬಂದವನೇ ಕಾಗದ ತೆಗೆದು ಲೆಕ್ಕ ಇಟ್ಟ. ಒಂದು ಅಕ್ಷೌಹಿಣಿ ಎಂದರೆ 21,870 ರಥ, ಅಷ್ಟೇ ಆನೆ, 65,610 ಕುದುರೆ, 1,09,350 ಕಾಲಾಳು. ಎಲ್ಲ ಕೂಡಿದರೆ 2,18,700. ಕೌರವರದು ಹನ್ನೊಂದು, ಪಾಂಡವರದು ಏಳು. ಒಟ್ಟು 39,36,600. ಇದರಲ್ಲಿ ಸಾರಥಿ ಸೇರಿಲ್ಲ, ಮಾವುತ ಸೇರಿಲ್ಲ, ಪಾತ್ರೆ ತೊಳೆಯುವವರು ಸೇರಿಲ್ಲ.

"ಅಣ್ಣಾ, ನಮ್ಮಲ್ಲಿ ಒಂದು ಶಿಫ್ಟಿಗೆ ಮೂರು ಸಾವಿರ ಊಟ ಹೋಗ್ತದೆ. ಒಂದಿನ ತರಕಾರಿ ಗಾಡಿ ಎರಡು ಗಂಟೆ ಲೇಟಾದ್ರೆ ನನ್ನ ಕೈಕಾಲು ಆಡಲ್ಲ. ಇವರು ಮೂವತ್ತೊಂಬತ್ತು ಲಕ್ಷಕ್ಕೆ ಹದಿನೆಂಟು ದಿನ ಅಡಿಗೆ ಮಾಡಿದ್ದಾರೆ ಅಂದ್ರೆ ಯಾರ ಹೊಲದ್ದು ಅದು? ಈ ಪುಸ್ತಕದಲ್ಲಿ ಆ ಮಾತು ಬರ್ತದೆ ಅಣ್ಣಾ. ಟೀವಿ ಭಾರತದಲ್ಲಿ ಒಬ್ರಾದ್ರೂ ಅನ್ನ ಬೇಯ್ಸಿದ್ದು ನೋಡಿದ್ರಾ?"

1988ರಿಂದ 1990ರವರೆಗೆ ದೂರದರ್ಶನದಲ್ಲಿ ಬಂದ ಬಿ.ಆರ್. ಚೋಪ್ರಾರ 94 ಕಂತುಗಳ ಮಹಾಭಾರತವನ್ನು ಅವನು ಆಮೇಲೆ ಫೋನಿನಲ್ಲಿ ನೋಡಿದವನು. 'ಗೇಮ್ ಆಫ್ ಥ್ರೋನ್ಸ್' ಕೂಡ ಪೂರ್ತಿ ನೋಡಿದ್ದಾನೆ. ಜಾರ್ಜ್ ಮಾರ್ಟಿನ್ 1996ರಲ್ಲಿ ಆ ಸರಣಿಯ ಮೊದಲ ಕಾದಂಬರಿ ತಂದಾಗ, ಇವನೇ ನಾಯಕ ಎಂದು ಓದುಗರು ನೆಚ್ಚಿಕೊಂಡಿದ್ದ ಮನುಷ್ಯನ ತಲೆ ಮೊದಲ ಸಂಪುಟದಲ್ಲೇ ಉರುಳಿತು. ಅಷ್ಟು ದೊಡ್ಡ, ಅಷ್ಟು ಕರಾಳ ಕಥೆಯನ್ನು ಲೋಕವೆಲ್ಲ ಮುಗಿಬಿದ್ದು ಓದಿತು. ಹುಡುಗನ ಪ್ರಕಾರ 'ಪರ್ವ' ಅದಕ್ಕಿಂತ ಕಷ್ಟ. "ಅದರಲ್ಲಿ ಸತ್ತೋರು ನಮಗೆ ಗೊತ್ತಿಲ್ದೋರು. ಇದರಲ್ಲಿ ಸಾಯೋದು ಅಭಿಮನ್ಯು ಅಲ್ವಾ?" ಎಂದ. ನಾನು ಆ ಮಾತನ್ನು ಬರೆದಿಟ್ಟುಕೊಂಡೆ.

ಹೊರಗಿನ ಲೋಕದಲ್ಲೂ ಇಂಥ ಪುಸ್ತಕಗಳಿಗೆ ಓದುಗರು ಎರಡು ಪಾಲಾಗಿದ್ದಾರೆ. ಟೋಲ್ಕಿನ್ 1954-55ರಲ್ಲಿ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಪ್ರಕಟಿಸಿದಾಗ ಕವಿ ಆಡೆನ್ ತಲೆಯ ಮೇಲೆ ಹೊತ್ತುಕೊಂಡರು. ಎಡ್ಮಂಡ್ ವಿಲ್ಸನ್ ಎಂಬ ದೊಡ್ಡ ವಿಮರ್ಶಕರು 1956ರಲ್ಲಿ ಅದನ್ನು ಮಕ್ಕಳಾಟವೆಂದು ಕಿತ್ತೆಸೆದರು. ಮಕ್ಕಳಾಟ ಎಂದದ್ದು ಅನ್ಯಾಯ. ಟೋಲ್ಕಿನ್ 1916ರಲ್ಲಿ ಸೋಮ್ ಕದನದ ಕಂದಕಗಳಲ್ಲಿದ್ದವರು. 1918ರ ಹೊತ್ತಿಗೆ ತಮ್ಮ ಆಪ್ತ ಗೆಳೆಯರಲ್ಲಿ ಒಬ್ಬನನ್ನು ಬಿಟ್ಟು ಎಲ್ಲರೂ ಸತ್ತಿದ್ದರು ಎಂದು ಅವರೇ ಹೇಳಿಕೊಂಡಿದ್ದಾರೆ. ಅವರ ಕಥೆಯಲ್ಲಿ ಸತ್ತವರ ಮುಖಗಳು ನೀರಿನಡಿ ತೇಲುವ ಜೌಗು ಬರುವುದು ಸುಮ್ಮನೆ ಅಲ್ಲ. ನಮ್ಮ ಭೈರಪ್ಪನವರು ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದಲ್ಲಿ ಬಾಲ್ಯದಲ್ಲೇ ಪ್ಲೇಗು ಕಂಡವರು. ತಾಯಿಯನ್ನೂ ಒಡಹುಟ್ಟಿದವರನ್ನೂ ಆ ರೋಗ ಒಯ್ದಿತು. ಅವರ ಆತ್ಮಕಥೆ 'ಭಿತ್ತಿ' ಓದಿ ಆಮೇಲೆ 'ಪರ್ವ'ದ ಯುದ್ಧಕ್ಕೆ ಬಂದರೆ ಆ ಹೆಣಗಳು ಬರಿಯ ಕಲ್ಪನೆಯಲ್ಲ ಎಂದು ಗೊತ್ತಾಗುತ್ತದೆ. ಒಬ್ಬರು ಯಕ್ಷಿಣಿಯ ಲೋಕ ಕಟ್ಟಿದರು, ಇನ್ನೊಬ್ಬರು ಯಕ್ಷಿಣಿಯನ್ನೆಲ್ಲ ತೆಗೆದರು. ಇಬ್ಬರ ಕತ್ತಲೆಯೂ ಕಣ್ಣಾರೆ ಕಂಡದ್ದು.

ನಿಯೋಗದ ಪುಟಗಳ ವಿಷಯಕ್ಕೆ ಬರುತ್ತೇನೆ. 'ಪರ್ವ'ದ ಮೇಲೆ ಬಂದ ಬೈಗುಳದಲ್ಲಿ ಬಹುಪಾಲು ಆ ಪುಟಗಳಿಗೇ ಸಂದದ್ದು. ಪಾಂಡುವಿನಿಂದ ಮಕ್ಕಳಾಗದೆ ಕುಂತಿ ಪರ್ವತದ ದೇವಜನರಲ್ಲಿ ಒಬ್ಬೊಬ್ಬರನ್ನು ಒಪ್ಪಿಕೊಳ್ಳಬೇಕಾಗುವ ಭಾಗ ಅದು. ಅಸಹ್ಯ, ಅಪಚಾರ ಎಂದು ಗಂಡಸರು ಮಾತಾಡಿದ್ದನ್ನು ಬೇಕಾದಷ್ಟು ಕೇಳಿದ್ದೆ. ಒಬ್ಬ ಅಕ್ಕ ಹೇಳಿದ್ದು ಬೇರೆ.

ಆಕೆಗೆ ಮದುವೆಯಾಗಿ ಬಹಳ ವರ್ಷ ಮಕ್ಕಳಿರಲಿಲ್ಲ. ಮಕ್ಕಳಿಲ್ಲದವರು ಆವಣಿ ಬೆಟ್ಟ ಹತ್ತಿ ಸೀತಮ್ಮನಿಗೆ ಹರಕೆ ಹೊರುವುದು ನಮ್ಮ ಕಡೆ ನಡೆದು ಬಂದದ್ದು. ಅತ್ತೆ ಮುಂದೆ, ಸೊಸೆ ಹಿಂದೆ. ಬಂಡೆಯ ಮೇಲೆ ಬಿಸಿಲು ಕಾಯ್ದಿರುತ್ತದೆ, ದಾರಿಯಲ್ಲಿ ಸಿಕ್ಕವರೆಲ್ಲ ಯಾಕೆ ಹತ್ತುತ್ತಿದ್ದೀರಿ ಎಂದು ಕೇಳುವುದೇ ಬೇಡ, ಗೊತ್ತಾಗಿಬಿಡುತ್ತದೆ. ಗಂಡ ಬಿಟ್ಟ ಬಸುರಿ ಹೆಂಗಸು ಕಾಡಿನಲ್ಲಿ ಹೆತ್ತ ಜಾಗಕ್ಕೆ ಬಂದು ಹೆಂಗಸರು ಮಗು ಕೇಳುತ್ತಾರೆ. ಬೇರೆ ಯಾವ ದೇವತೆಯನ್ನೂ ಕೇಳದೆ ಅವಳನ್ನೇ ಕೇಳುವುದರಲ್ಲಿ ನಮ್ಮ ಹೆಂಗಸರ ಬಹಳ ಆಳವಾದ ಒಂದು ತಿಳಿವಳಿಕೆ ಇದೆ ಎಂದು ನನಗೆ ಯಾವಾಗಲೂ ಅನ್ನಿಸಿದೆ.

ಅಕ್ಕನಿಗೆ 'ಪರ್ವ' ಕೊಟ್ಟವನು ನಾನೇ. ಆಕೆ ಮೊದಲಿನಿಂದ ಓದಲಿಲ್ಲ. ಕುಂತಿಯ ಭಾಗ ಎಲ್ಲಿದೆ ತೋರಿಸು ಅಂದರು, ಅಲ್ಲಿಂದ ಓದಿದರು. ಪುಸ್ತಕ ವಾಪಸು ಕೊಡುವಾಗ ಅಡಿಗೆಮನೆಯ ಬಾಗಿಲಲ್ಲೇ ನಿಂತು ಹೇಳಿದರು: "ಬೆಟ್ಟ ಹತ್ತಿದೋಳಿಗೆ ಗೊತ್ತಾಗ್ತದೆ ಕಣಪ್ಪ ಆ ಕುಂತಿ ಸಂಕಟ. ಬಂದೋನು ದೇವ್ರೋ ಮನುಷ್ಯನೋ, ಅದು ಓದೋರಿಗೆ ದೊಡ್ಡ ವಿಚಾರ. ಅವಳಿಗೆ? ಮನೆಯೋರ ಮಾತು, ಊರೋರ ಕಣ್ಣು, ಎಲ್ಲಾ ಒಂದೇ. ಇದನ್ನ ಗಂಡಸು ಬರ್ದಿದ್ದಾನೆ ಅಂದ್ರೆ ನಂಬಕ್ಕಾಗಲ್ಲ." ಆಮೇಲೆ ಸ್ವಲ್ಪ ತಡೆದು, "ಮಾದ್ರಿದು ಇನ್ನೊಂದ್ಸಲ ಓದ್ಬೇಕು, ಇನ್ನೊಂದು ವಾರ ಇಟ್ಕೊಳ್ಳಾ?" ಎಂದರು.

ಇರಾವತಿ ಕರ್ವೆಯವರು ಮರಾಠಿಯಲ್ಲಿ 'ಯುಗಾಂತ' ಬರೆದು ಕುಂತಿಯನ್ನೂ ಗಾಂಧಾರಿಯನ್ನೂ ಮಾನವಶಾಸ್ತ್ರಜ್ಞೆಯ ಕಣ್ಣಿನಿಂದ ನೋಡಿದ್ದರು. ಅದು 1967ರಷ್ಟು ಹಿಂದಿನದು. ವಿದ್ವತ್ತು ಅಲ್ಲಿ ತಲುಪಿದ ಜಾಗಕ್ಕೆ ಅಕ್ಕ ಆವಣಿ ಬೆಟ್ಟದ ದಾರಿಯಲ್ಲಿ ತಲುಪಿದ್ದರು.

ನಮ್ಮ ಕಡೆ ಮನೆಮಾತು ತೆಲುಗಾದವರು ಬಹಳ. ಓದು ಕನ್ನಡ, ಸಿನಿಮಾ ತೆಲುಗು, ಸಂತೆಯಲ್ಲಿ ಎರಡೂ. ಹಾಗಾಗಿ ನಮ್ಮ ತಲೆಯೊಳಗಿನ ಮಹಾಭಾರತದಲ್ಲಿ ಕುಮಾರವ್ಯಾಸನ ಪಕ್ಕದಲ್ಲೇ ಎನ್.ಟಿ. ರಾಮರಾವ್ ಕೂತಿದ್ದಾರೆ. 1977ರ 'ದಾನವೀರಶೂರ ಕರ್ಣ'ದಲ್ಲಿ ಅವರೇ ಕೃಷ್ಣ, ಅವರೇ ಕರ್ಣ, ಅವರೇ ದುರ್ಯೋಧನ, ನಿರ್ದೇಶನವೂ ಅವರದೇ. ಆ ದುರ್ಯೋಧನನ ಮಾತುಗಳನ್ನು ಬಾಯಿಪಾಠ ಒಪ್ಪಿಸುವ ಗಂಡಸರು ಇಲ್ಲಿ ಈಗಲೂ ಇದ್ದಾರೆ. ಇನ್ನು 1957ರ 'ಮಾಯಾಬಜಾರ್'. ಎಸ್.ವಿ. ರಂಗಾರಾವ್ ಅವರ ಘಟೋತ್ಕಚ ಮದುವೆಮನೆಯ ಊಟದ ಮುಂದೆ ಕೂತರೆ ಲಡ್ಡುಗಳು ತಾವಾಗಿಯೇ ಹಾರಿ ಬಾಯಿಗೆ ಬೀಳುತ್ತವೆ. ಆ ನಗುವನ್ನು ನೋಡಿ ಬೆಳೆದವರು 'ಪರ್ವ'ದ ಘಟೋತ್ಕಚನ ಹತ್ತಿರ ಬಂದಾಗ ತತ್ತರಿಸುತ್ತಾರೆ. ಕಾಡಿನಲ್ಲಿ ಬಿಟ್ಟುಬಂದ ಹೆಂಡತಿ, ಕೈಯಾರೆ ಬೆಳೆಸದ ಮಗ, ಯುದ್ಧ ಬಂದಾಗ ಮಾತ್ರ ನೆನಪಾದ ಮಗ. ಭೀಮನ ಭಾಗವನ್ನು ಓದಿ ಪುಸ್ತಕ ಪಕ್ಕಕ್ಕಿಟ್ಟು ಎದ್ದುಹೋದ ತಂದೆಯರನ್ನು ನಾನು ಬಲ್ಲೆ.

'ಪರ್ವ'ದ ಬಗ್ಗೆ ನನಗಿರುವ ಒಂದೇ ಅತೃಪ್ತಿಯೂ ಇಲ್ಲೇ ಇದೆ. ಅಲ್ಲಿ ನಗು ಕಡಿಮೆ. ಎಂಥ ಬರಗಾಲದಲ್ಲೂ ಎಂಥ ಸಾವಿನ ಮನೆಯಲ್ಲೂ ಮನುಷ್ಯರು ಎಲ್ಲೋ ಒಂದು ಕಡೆ ನಗುತ್ತಾರೆ. ಬಿಡಾರದ ಬೆಂಕಿಯ ಸುತ್ತ ಕೂತ ಕಾಲಾಳುಗಳು ಖಂಡಿತ ನಕ್ಕಿರುತ್ತಾರೆ. ಆ ಸದ್ದು ಕಾದಂಬರಿಯಲ್ಲಿ ಇನ್ನಷ್ಟು ಕೇಳಬೇಕಿತ್ತು. ಇದ್ದಿದ್ದರೆ ಕತ್ತಲೆ ಕಡಿಮೆಯಾಗುತ್ತಿತ್ತು ಎಂದಲ್ಲ, ಇನ್ನೂ ಕಾಣುತ್ತಿತ್ತು.

ನಮ್ಮ ಅವ್ವನ ಮಾತು ಹೇಳದೆ ಈ ಬರಹ ಮುಗಿಯುವುದಿಲ್ಲ. ಅವಳಿಗೆ ಓದು ಬಾರದು. ಗಡಿಯಾಚೆ ಪಲಮನೇರು, ಚಿತ್ತೂರು ಕಡೆ ಧರ್ಮರಾಜನ ಗುಡಿಗಳ ಮುಂದೆ ಬೇಸಿಗೆಯಲ್ಲಿ ದಿನಗಟ್ಟಲೆ ಭಾರತ ನಡೆಯುತ್ತದೆ: ಮಧ್ಯಾಹ್ನ ಹರಿಕಥೆ, ರಾತ್ರಿ ಬೀದಿನಾಟಕ. ಕೊನೆಯ ದಿನ ಬಯಲಿನಲ್ಲಿ ಮಣ್ಣಿನ ದುರ್ಯೋಧನ ಅಂಗಾತ ಮಲಗಿರುತ್ತಾನೆ, ಆಳೆತ್ತರಕ್ಕಿಂತ ಎಷ್ಟೋ ಪಾಲು ದೊಡ್ಡವನು. ಭೀಮನ ವೇಷದವನು ಗದೆಯಿಂದ ಅವನ ತೊಡೆಗೆ ಹೊಡೆಯುತ್ತಾನೆ. ಆಗ ದ್ರೌಪದಿ ಬಿಚ್ಚಿದ ಮುಡಿ ಕಟ್ಟುತ್ತಾಳೆ. ಕೋಲಾರ, ಮಾಲೂರಿನ ಕಡೆ ಕರಗ ಹೊರುವಾಗಲೂ ಅದೇ ದ್ರೌಪದಿ, ಆದಿಶಕ್ತಿ. ಸುತ್ತ ಕತ್ತಿ ಹಿಡಿದ ವೀರಕುಮಾರರು. ಅವ್ವ ಇವನ್ನೆಲ್ಲ ಜನರ ನಡುವೆ, ನೆಲದ ಮೇಲೆ ಕೂತು ನೋಡಿದವಳು. ಕತ್ತಲೆಯ ಕಥೆಯನ್ನು ಅವಳು ಒಬ್ಬಳೇ ಎಂದೂ ಕೇಳಿಲ್ಲ.

ಅವಳಿಗೆ ನಾನು 'ಪರ್ವ'ದ ದ್ರೌಪದಿಯ ಭಾಗವನ್ನು ಜಗುಲಿಯಲ್ಲಿ ಕೂತು ತೆಲುಗು ಮಾಡಿಕೊಂಡು ಓದಿ ಹೇಳಿದೆ. ದೇವಿಯನ್ನು ಹೀಗೆ ಹೆಂಗಸಾಗಿಸಿದ್ದಕ್ಕೆ ಸಿಟ್ಟಾಗುತ್ತಾಳೋ ಎಂದು ಅಳುಕಿತ್ತು. ಸಿಟ್ಟಾಗಲಿಲ್ಲ. ಐದು ಗಂಡಂದಿರ ಮೇಲಿನ ಮುನಿಸು, ಸರದಿಯ ಬೇಸರ, ಎಲ್ಲಕ್ಕೂ ಇದು ಗೊತ್ತಿದ್ದದ್ದೇ ಎಂಬಂತೆ ತಲೆಯಾಡಿಸಿದಳು. ಐದು ಜನ ಮಕ್ಕಳು ಮಲಗಿದ್ದಲ್ಲೇ ಅಶ್ವತ್ಥಾಮನ ಕೈಯಲ್ಲಿ ಸತ್ತ ಸಂಗತಿಗೆ ಬಂದಾಗ ಕೈ ಎತ್ತಿ ನಿಲ್ಲಿಸಿದಳು.

"ನಾಯ್ನಾ, ಆ ರಾತ್ರಿ ಅವಳ ಹತ್ತಿರ ಯಾರಿದ್ದರು? ಹೆಂಗಸರು ಯಾರಾದರೂ ಇದ್ದರಾ?"

ನಾನು ಪುಟ ತಿರುಗಿಸಿ ನೋಡಿದೆ, ತಕ್ಷಣಕ್ಕೆ ಹೇಳಲು ಆಗಲಿಲ್ಲ. ಅಷ್ಟು ಹೊತ್ತಿಗೆ ಪಕ್ಕದ ಮನೆಯ ಇಬ್ಬರು ಹೆಂಗಸರೂ ಬಂದು ಕೂತಿದ್ದರು. ಅವರೊಳಗೇ ಮಾತು ಶುರುವಾಯಿತು. ಗಾಂಧಾರಿ ಇದ್ದಿರಬೇಕು ಎಂದು ಒಬ್ಬರು. ಅವಳ ನೂರು ಮಕ್ಕಳೂ ಹೋಗಿದ್ದಾರಲ್ಲ, ಅವಳನ್ನು ಹಿಡಿಯುವವರೇ ಬೇರೆ ಬೇಕು ಎಂದು ಇನ್ನೊಬ್ಬರು. ಸುಭದ್ರೆ ಇದ್ದಳು, ಅಭಿಮನ್ಯುವನ್ನು ಕಳಕೊಂಡವಳಿಗೇ ಅದು ಗೊತ್ತಾಗುವುದು ಎಂದು ಅವ್ವ ತೀರ್ಮಾನ ಕೊಟ್ಟಳು. ನನ್ನ ಕೈಯ ಪುಸ್ತಕ ಮಡಚಿಯೇ ಇತ್ತು. ಸಾಲು ಸಾಲಾಗಿ ನನ್ನೊಬ್ಬನ ಎದೆಯ ಮೇಲೆ ಕೂತಿದ್ದ ಆ ಭಾಗ ಅವತ್ತು ಜಗುಲಿಯಲ್ಲಿ ನಾಲ್ಕು ಜನರ ನಡುವೆ ಹಂಚಿಹೋಯಿತು.

ಆವತ್ತಿನಿಂದ ನನಗೆ ಬಲವಾಗಿ ಅನ್ನಿಸುತ್ತಿದೆ: 'ಪರ್ವ'ದಂಥ ಪುಸ್ತಕವನ್ನು ಒಬ್ಬೊಬ್ಬರೇ ಬಾಗಿಲು ಹಾಕಿಕೊಂಡು ಓದಿ ತಳಮಳಿಸುವುದು ನಾವು ಇತ್ತೀಚೆಗೆ ಮಾಡಿಕೊಂಡ ಅಭ್ಯಾಸ. ಈ ಕಥೆ ಇಷ್ಟು ಕಾಲ ಬಾಳಿದ್ದು ಗುಂಪಿನಲ್ಲಿ. ಮೈಸೂರಿನ ರಂಗಾಯಣ 2021ರಲ್ಲಿ ಪ್ರಕಾಶ್ ಬೆಳವಾಡಿಯವರ ನಿರ್ದೇಶನದಲ್ಲಿ ಕಾದಂಬರಿಯನ್ನು ರಂಗಕ್ಕೆ ತಂದಾಗ ಜನ ಎಂಟು ಗಂಟೆಯ ಹೊತ್ತು ಕೂತು ನೋಡಿದರು. ಒಂಟಿಯಾಗಿ ನೂರು ಪುಟಕ್ಕೆ ಕೈಬಿಟ್ಟವರೂ ಆ ಸಭೆಯಲ್ಲಿ ಇದ್ದಿರಬೇಕು. ಪಕ್ಕದಲ್ಲಿ ಇನ್ನೊಬ್ಬರ ಉಸಿರು ಕೇಳಿಸುತ್ತಿದ್ದರೆ ಯುದ್ಧದ ಹತ್ತನೇ ದಿನವನ್ನೂ ದಾಟಬಹುದು.

ಹಾಗೆಂದು ಮೇಷ್ಟ್ರ ಹತ್ತಿರ ಹೋಗಿ ಕೇಳಿಕೊಂಡೆ. ಭಾನುವಾರ ಸಂಜೆ ಅವರ ಮನೆಯ ಹಜಾರದಲ್ಲಿ 'ಪರ್ವ' ಓದೋಣ, ಗಟ್ಟಿಯಾಗಿ, ಒಬ್ಬರಾದ ಮೇಲೊಬ್ಬರು. ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ ಷರತ್ತು ಹಾಕಿದರು: ಕಾದಂಬರಿಯ ಭಾಗ ಮುಗಿದ ಮೇಲೆ ಅದೇ ಪ್ರಸಂಗವನ್ನು ಕುಮಾರವ್ಯಾಸನಲ್ಲಿ ತಾವು ಓದುತ್ತಾರೆ, ಯಾರೂ ನಡುವೆ ಎದ್ದುಹೋಗಬಾರದು. ಒಪ್ಪಿದೆವು. ಎಲ್ಲಿಂದ ಶುರು ಎಂಬುದೇ ಈಗ ಜಗಳ. ಕ್ಯಾಂಟೀನಿನ ಹುಡುಗನಿಗೆ ಯುದ್ಧ ಬೇಕು. ಅಕ್ಕ ಕುಂತಿಯಿಂದಲೇ ಆಗಬೇಕು, ಇಲ್ಲದಿದ್ದರೆ ನಾನು ಬರುವುದಿಲ್ಲ ಎಂದಿದ್ದಾರೆ. ಮೇಷ್ಟ್ರು ಕರ್ಣನ ಜನ್ಮದ ಸಂಧಿಯನ್ನು ಆಗಲೇ ಗುರುತು ಹಾಕಿಟ್ಟಿದ್ದಾರಂತೆ; ಅದು ಕುಂತಿಯ ಪಕ್ಷಕ್ಕೆ ಬಿದ್ದ ಮತ ಎಂದು ಅಕ್ಕನ ವಾದ. ಅವ್ವನನ್ನು ಕರೆತರಲು ಆಟೋ ಹೇಳಬೇಕು.